ದಫೇದಾರ: ಟ್ಯಾಂಕಿನಲ್ಲೊಬ್ಬ, ಕಚೇರಿ ಬಾಗಿಲಲ್ಲೊಬ್ಬ

ಮನೆಯ ಗೇಟಿನ ಮೇಲೆ ‘ಹವಾಲ್ದಾರ್ (ನಿವೃತ್ತ)’ ಎಂಬ ಫಲಕ ಕಂಡರೆ ಯಾರಿಗೂ ಅನುಮಾನ ಬರುವುದಿಲ್ಲ, ಇವರು ಮಿಲಿಟರಿಯಲ್ಲಿದ್ದವರು. ಅದೇ ಜಾಗದಲ್ಲಿ ‘ದಫೇದಾರ್ (ನಿವೃತ್ತ)’ ಎಂದಿದ್ದರೆ ಹೆಚ್ಚಿನವರು ಡಿ.ಸಿ. ಆಫೀಸಿನಲ್ಲಿ ಕೆಲಸ ಮಾಡಿದವರಿರಬೇಕು ಎಂದುಕೊಂಡು ಮುಂದೆ ಹೋಗುತ್ತಾರೆ. ಅವರ ತಪ್ಪಲ್ಲ. ನಮ್ಮಲ್ಲಿ ದಫೇದಾರ ಎಂದೊಡನೆ ಕಣ್ಣಿಗೆ ಬರುವುದು ಬಿಳಿ ಉಡುಪು, ಎದೆಯ ಮೇಲೆ ಅಡ್ಡಲಾಗಿ ಕೆಂಪು ಪಟ್ಟಿ, ಅದರ ಮೇಲೊಂದು ಹಿತ್ತಾಳೆ ಬಿಲ್ಲೆ, ತಲೆಗೆ ಪೇಟ. ಸಾಹೇಬರ ಕೊಠಡಿಯ ಬಾಗಿಲು ತೆಗೆಯುವುದು, ಚೀಟಿ ಒಳಗೆ ಕೊಡುವುದು, ಅವರು ಹೊರಟಾಗ ನಾಲ್ಕು ಹೆಜ್ಜೆ ಮುಂದೆ ನಡೆದು ಜನರನ್ನು ಸರಿಸುವುದು ಆತನ ಕೆಲಸ. ಅರ್ಜಿ ಹಿಡಿದು ಕಾಯುವವರು ಮೊದಲು ಕೇಳುವುದೂ ಆತನನ್ನೇ: ‘ದಫೇದಾರ್ರೇ, ಸಾಹೇಬ್ರು ಒಳಗಿದಾರಾ?’

ಆದರೆ ಭಾರತೀಯ ಸೇನೆಯಲ್ಲಿ ಈ ಹೊತ್ತಿಗೂ ದಫೇದಾರರಿದ್ದಾರೆ. ತೋಳಿನ ಮೇಲೆ ಮೂರು ಪಟ್ಟಿ, ಕೈಕೆಳಗೆ ಒಂದು ಟ್ಯಾಂಕು. ಪತ್ರಿಕೆಯಲ್ಲಿ ‘ಲ್ಯಾನ್ಸ್ ದಫೇದಾರ್’, ‘ರಿಸಾಲ್ದಾರ್ ಮೇಜರ್’ ಎಂದು ಬಂದಾಗ ಅದು ಯಾವ ದರ್ಜೆ, ಹವಾಲ್ದಾರನಿಗಿಂತ ದೊಡ್ಡದೋ ಚಿಕ್ಕದೋ ಎಂದು ತಿಳಿಯದೆ ತಡಬಡಾಯಿಸುವವರಿಗಾಗಿ ಈ ಬರಹ.

ಮೊದಲು ಪದವನ್ನೇ ಬಿಡಿಸಿ ನೋಡೋಣ. ‘ದಾರ್’ ನಮಗೆ ಹೊಸದಲ್ಲ. ಪಾರಸಿಯಲ್ಲಿ ಹೊಂದಿರುವವ, ಹಿಡಿದಿರುವವ ಎಂದರ್ಥ. ಜಮೀನ್ದಾರ, ಅಮಲ್ದಾರ, ಶಿರಸ್ತೇದಾರ, ತಹಶೀಲ್ದಾರ ಎಲ್ಲರೂ ಅದೇ ಬಾಲ ಹೊತ್ತವರು. ‘ದಫ’ ಅರಬ್ಬಿಯಿಂದ ಪಾರಸಿಯ ಮೂಲಕ ಬಂದದ್ದು. ‘ಎರಡು ದಫ ಹೋಗಿ ಬಂದೆ, ಕೆಲಸ ಆಗಲಿಲ್ಲ’ ಎನ್ನುವಾಗ ನಾವು ಬಳಸುವುದು ಇದೇ ಪದವನ್ನು. ಸಲ, ಸರದಿ, ಕಾನೂನಿನ ಕಲಮು ಎಂಬ ಅರ್ಥಗಳ ಜೊತೆಗೆ ಸಣ್ಣ ತುಕಡಿ ಎಂಬ ಅರ್ಥವೂ ಅದಕ್ಕಿತ್ತು. ಹಾಗಾಗಿ ದಫೇದಾರನೆಂದರೆ ಒಂದು ಸಣ್ಣ ತುಕಡಿಯನ್ನು ನೋಡಿಕೊಳ್ಳುವವ. ಈ ವಿವರಣೆ ಎಲ್ಲರಿಗೂ ಸಲೀಸಾಗಿ ಒಪ್ಪಿಗೆಯಾಗಿರಲಿಲ್ಲ. 1886ರಲ್ಲಿ ಬಂದ ‘ಹಾಬ್ಸನ್-ಜಾಬ್ಸನ್’ ಎಂಬ ಪ್ರಸಿದ್ಧ ಆಂಗ್ಲೋ-ಇಂಡಿಯನ್ ನಿಘಂಟಿನ ಸಂಪಾದಕರು ಈ ಹೆಸರಿನ ತರ್ಕ ಹೇಳುವುದು ಸುಲಭವಲ್ಲ ಎಂದು ಕೈಚೆಲ್ಲಿದ್ದರು. ಅದೇ ನಿಘಂಟು ದಫೇದಾರನಿಗೆ ಎರಡು ಕೆಲಸ ಕೊಟ್ಟಿತ್ತು. ಒಂದು ದೇಶೀ ಪೊಲೀಸಿನ ಸಣ್ಣ ಅಧಿಕಾರಿ, ಇನ್ನೊಂದು ಕುದುರೆ ರೆಜಿಮೆಂಟಿನ ಕೆಳದರ್ಜೆಯ ಮುಖಂಡ. ಅಂದರೆ ಈ ಪದ ಆಗಲೇ ಎರಡು ದೋಣಿಯ ಮೇಲೆ ಕಾಲಿಟ್ಟಿತ್ತು.

ಸೇನೆಯ ಪದಗಳು ಅರ್ಥವಾಗಬೇಕಾದರೆ ಹಳೆಯ ಒಂದು ಭೇದವನ್ನು ತಲೆಯಲ್ಲಿಟ್ಟುಕೊಂಡರೆ ಸಾಕು: ಕುದುರೆಯ ಮೇಲಿದ್ದವನು ಯಾರು, ನೆಲದ ಮೇಲೆ ನಡೆದವನು ಯಾರು. ನಡೆದವನು ಸಿಪಾಯಿ. ಅವನ ಮೇಲೆ ಲ್ಯಾನ್ಸ್ ನಾಯಕ್, ನಾಯಕ್, ಹವಾಲ್ದಾರ್. ಅಲ್ಲಿಂದ ಮೇಲೆ ಜೂನಿಯರ್ ಕಮಿಷನ್ಡ್ ಆಫೀಸರ್‌ಗಳ, ಅಂದರೆ ಜೆ.ಸಿ.ಒ.ಗಳ ದರ್ಜೆ: ನಾಯಬ್ ಸುಬೇದಾರ್, ಸುಬೇದಾರ್, ಸುಬೇದಾರ್ ಮೇಜರ್. ಕುದುರೆಯವನಿಗೆ ಬೇರೆಯದೇ ಏಣಿ. ಅಲ್ಲಿ ಸಿಪಾಯಿಯ ಬದಲು ಸವಾರ, ಹವಾಲ್ದಾರನ ಬದಲು ದಫೇದಾರ, ಸುಬೇದಾರನ ಬದಲು ರಿಸಾಲ್ದಾರ. ಸಂಬಳ, ದರ್ಜೆ, ತೋಳಿನ ಪಟ್ಟಿ ಎಲ್ಲ ಒಂದೇ, ಹೆಸರು ಮಾತ್ರ ಬೇರೆ. ದಫೇದಾರನೂ ಹವಾಲ್ದಾರನೂ ಸರಿಸಮ. ಇಬ್ಬರೂ ನಿಂತರೆ ಯಾರು ಯಾರಿಗೆ ಹಿರಿಯ ಎಂಬುದನ್ನು ಹೇಳುವುದು ಬಡ್ತಿಯ ತಾರೀಕು.

ಎಡವುವುದು ಅದರ ಕೆಳಗಿನ ಮೆಟ್ಟಿಲಲ್ಲಿ. ‘ಲ್ಯಾನ್ಸ್’ ಎಂಬುದು ಎರಡೂ ಏಣಿಗಳಲ್ಲಿದೆ, ಆದರೆ ಒಂದೇ ಎತ್ತರದಲ್ಲಿಲ್ಲ. ಕಾಲಾಳು ಪಡೆಯ ಲ್ಯಾನ್ಸ್ ನಾಯಕನಿಗೆ ಒಂದು ಪಟ್ಟಿ. ಕುದುರೆ ಕಡೆಯ ಲ್ಯಾನ್ಸ್ ದಫೇದಾರನಿಗೆ ಎರಡು. ಅವನು ಸಮನಾಗುವುದು ನಾಯಕನಿಗೆ. ಒಂದು ಪಟ್ಟಿಯವನನ್ನು ಅಲ್ಲಿ ‘ಆಕ್ಟಿಂಗ್ ಲ್ಯಾನ್ಸ್ ದಫೇದಾರ್’ ಎನ್ನುತ್ತಾರೆ, ಚುಟುಕಾಗಿ ಎ.ಎಲ್.ಡಿ. ಇಲ್ಲಿನ ‘ಆಕ್ಟಿಂಗ್’ ನೋಡಿ ಇದು ನಮ್ಮ ಕಚೇರಿಗಳ ಹಂಗಾಮಿ, ಪ್ರಭಾರ ಹುದ್ದೆಯಂತೆ ಎಂದುಕೊಳ್ಳಬೇಡಿ. ಅದು ಹುದ್ದೆಯ ಹೆಸರಿನ ಭಾಗವೇ. ಎ.ಎಲ್.ಡಿ. ಎಂಬ ಮೂರಕ್ಷರ ಕಂಡು ‘ಪ್ರಭಾರ ದಫೇದಾರ’ ಎಂದು ಕನ್ನಡಿಸಿಬಿಟ್ಟರೆ ಎರಡು ಮೆಟ್ಟಿಲು ಮೇಲಕ್ಕೇರಿಸಿದಂತೆ.

ಈಗ ಯಾರು ಕುದುರೆ ಕಡೆಯವರು? ಕುದುರೆಗಳೇ ಹೋಗಿ ಕಾಲವಾಯಿತು. 1938ರಲ್ಲಿ ಸಿಂಧ್ ಹಾರ್ಸ್ ಮತ್ತು 13ನೇ ಲ್ಯಾನ್ಸರ್ಸ್ ರೆಜಿಮೆಂಟುಗಳು ಕುದುರೆ ಬಿಟ್ಟು ಯಂತ್ರವಾಹನ ಹತ್ತಿದವು. ಎರಡನೇ ಮಹಾಯುದ್ಧ ಮುಗಿಯುವಷ್ಟರಲ್ಲಿ ಅಶ್ವದಳ ಬಹುಪಾಲು ಟ್ಯಾಂಕು, ಶಸ್ತ್ರಸಜ್ಜಿತ ಕಾರುಗಳ ಪಡೆಯಾಗಿ ಬದಲಾಗಿತ್ತು. ಪೂನಾ ಹಾರ್ಸ್, ಸಿಂಧ್ ಹಾರ್ಸ್, ಸ್ಕಿನ್ನರ್ಸ್ ಹಾರ್ಸ್ ಎಂಬ ಹೆಸರುಗಳು ಹಾಗೇ ಉಳಿದವು. ದರ್ಜೆಗಳ ಹೆಸರೂ ಉಳಿದವು. ಹಾಗಾಗಿ ಇವತ್ತು ಸವಾರ ಎಂದರೆ ಟ್ಯಾಂಕು ಪಡೆಯ ಸಾಮಾನ್ಯ ಸೈನಿಕ. 1971ರ ಡಿಸೆಂಬರ್ 16ರಂದು ಬಸಂತರ್ ಕಾಳಗದಲ್ಲಿ ಪೂನಾ ಹಾರ್ಸ್‌ನ ಸೆಕೆಂಡ್ ಲೆಫ್ಟಿನೆಂಟ್ ಅರುಣ್ ಖೇತ್ರಪಾಲ್ ಉರಿಯುತ್ತಿದ್ದ ಟ್ಯಾಂಕು ಬಿಟ್ಟಿಳಿಯದೆ ಹೋರಾಡಿ ಮಡಿದು ಪರಮವೀರ ಚಕ್ರ ಪಡೆದರಲ್ಲ, ಆ ಟ್ಯಾಂಕಿನೊಳಗಿದ್ದ ಉಳಿದ ಮೂವರೂ ಸವಾರರು: ಚಾಲಕ ಪ್ರಯಾಗ್ ಸಿಂಗ್, ತೋಪು ಹಾರಿಸುತ್ತಿದ್ದ ನತ್ಥೂ ಸಿಂಗ್, ರೇಡಿಯೊ ನೋಡಿಕೊಳ್ಳುತ್ತಿದ್ದ ನಂದ್ ಸಿಂಗ್. ಅವರು ಸವಾರಿ ಮಾಡುತ್ತಿದ್ದದ್ದು ಐವತ್ತು ಟನ್ನಿನ ಸೆಂಚೂರಿಯನ್ ಟ್ಯಾಂಕು.

ನಿಜವಾದ ಕುದುರೆ ಮೇಲಿನ ದಫೇದಾರರನ್ನು ನೋಡಬೇಕಾದರೆ ಎರಡು ಕಡೆ ಸಿಗುತ್ತಾರೆ. ಒಂದು, 1773ರಲ್ಲಿ ಬನಾರಸಿನಲ್ಲಿ ಶುರುವಾಗಿ ಈಗ ದಿಲ್ಲಿಯಲ್ಲಿರುವ ರಾಷ್ಟ್ರಪತಿಗಳ ಅಂಗರಕ್ಷಕ ದಳ. ಇನ್ನೊಂದು ಜೈಪುರದ 61ನೇ ಕ್ಯಾವಲ್ರಿ. ಈ ಎರಡನೆಯದರಲ್ಲಿ ನಮ್ಮದೂ ಪಾಲಿದೆ. ಸ್ವಾತಂತ್ರ್ಯದ ನಂತರ ಸಂಸ್ಥಾನಗಳ ಅಶ್ವದಳಗಳನ್ನು ಕೂಡಿಸಿ 1953ರಲ್ಲಿ ಈ ರೆಜಿಮೆಂಟು ಕಟ್ಟಿದಾಗ ಗ್ವಾಲಿಯರ್, ಜೋಧಪುರ ಮೊದಲಾದವುಗಳ ಜೊತೆ ಮೈಸೂರು ಲ್ಯಾನ್ಸರ್ಸ್ ಕೂಡ ಅದರಲ್ಲಿ ಸೇರಿತು. ಮೊದಲ ಮಹಾಯುದ್ಧದಲ್ಲಿ, 1918ರ ಸೆಪ್ಟೆಂಬರ್ 23ರಂದು, ಈಗಿನ ಇಸ್ರೇಲಿನ ಹೈಫಾ ಊರನ್ನು ತುರ್ಕಿ-ಜರ್ಮನ್ ಪಡೆಗಳಿಂದ ಬಿಡಿಸಿದ್ದು ಜೋಧಪುರ ಮತ್ತು ಮೈಸೂರು ಲ್ಯಾನ್ಸರ್ಸ್. ಮೈಸೂರಿನ ಸವಾರರು ಕಾರ್ಮೆಲ್ ಬೆಟ್ಟದ ಮೇಲಿನ ತೋಪುಗಳ ಮೇಲೆ ಬಿದ್ದರೆ, ಜೋಧಪುರದವರು ನೇರ ಊರಿನೊಳಕ್ಕೆ ನುಗ್ಗಿದರು. ಅಂದು ಶೌರ್ಯಕ್ಕಾಗಿ ಇಂಡಿಯನ್ ಆರ್ಡರ್ ಆಫ್ ಮೆರಿಟ್ ಪಡೆದವರಲ್ಲಿ ಜೋಧಪುರದ ಜೋರ್ ಸಿಂಗ್ ಒಬ್ಬರು, ದರ್ಜೆ ದಫೇದಾರ. ದಿಲ್ಲಿಯ ತೀನ್ ಮೂರ್ತಿ ಚೌಕದ ಮೂರು ಕಂಚಿನ ಸವಾರರು ಹೈದರಾಬಾದು, ಮೈಸೂರು, ಜೋಧಪುರಗಳ ಪ್ರತಿನಿಧಿಗಳು. 2018ರಿಂದ ಆ ಚೌಕದ ಹೆಸರಿಗೆ ಹೈಫಾ ಸೇರಿಕೊಂಡಿದೆ.

ದಫೇದಾರಿಕೆಯ ಇನ್ನೊಂದು ದಾಖಲೆಯನ್ನು ಇಲ್ಲಿ ಹೇಳದೆ ಹೋದರೆ ಮನಸ್ಸಿಗೆ ಸಮಾಧಾನವಾಗದು. 1917ರ ಡಿಸೆಂಬರ್ 1, ಫ್ರಾನ್ಸಿನ ಕಾಂಬ್ರೆ ಕಾಳಗ. ಮುಂದೆ ನುಗ್ಗಿ ಸಿಕ್ಕಿಹಾಕಿಕೊಂಡಿದ್ದ ರೆಜಿಮೆಂಟಿನಿಂದ ಬ್ರಿಗೇಡಿನ ಠಾಣ್ಯಕ್ಕೆ ಸುದ್ದಿ ಮುಟ್ಟಿಸಬೇಕಿತ್ತು. ನಡುವೆ ಸುಮಾರು ಒಂದೂವರೆ ಮೈಲಿ ಬಟಾಬಯಲು, ಶತ್ರುವಿನ ಗುಂಡಿನ ನೇರಕ್ಕೆ. ಲ್ಯಾನ್ಸ್ ದಫೇದಾರ್ ಗೋವಿಂದ್ ಸಿಂಗ್ ಹೊರಟರು. ದಾರಿಯಲ್ಲಿ ಕುದುರೆ ಸತ್ತಿತು, ಓಡಿಹೋಗಿ ಕಾಗದ ಮುಟ್ಟಿಸಿದರು. ಇನ್ನೊಂದು ಸುದ್ದಿಗೂ ಅವರೇ ಮುಂದೆ ಬಂದರು, ಆ ಕುದುರೆಯೂ ಸತ್ತಿತು. ಮೂರನೆಯ ಸಲವೂ ಅಷ್ಟೇ. ಮೂರು ಸಲ ಹೋದರು, ಮೂರು ಕುದುರೆ ಕಳೆದುಕೊಂಡರು, ಮೂರು ಸಲವೂ ಕಾಗದ ತಲುಪಿತು. ವಿಕ್ಟೋರಿಯಾ ಕ್ರಾಸ್ ಬಂತು. ಆಗ ಅವರ ತೋಳಿನಲ್ಲಿದ್ದದ್ದು ಎರಡು ಪಟ್ಟಿ.

ಮೂರು ಪಟ್ಟಿಯ ಇಂದಿನ ದಫೇದಾರ ಏನು ಮಾಡುತ್ತಾನೆ? ಟಿ-72 ಟ್ಯಾಂಕನ್ನೇ ತೆಗೆದುಕೊಳ್ಳಿ. ಒಳಗಿರುವವರು ಮೂವರು. ಚಾಲಕ ಮುಂದೆ ಕೆಳಗೆ, ಹೆಚ್ಚುಕಡಿಮೆ ಮಲಗಿದ ಭಂಗಿಯಲ್ಲಿ. ಮೇಲಿನ ತಿರುಗುವ ಗೋಪುರದಲ್ಲಿ ಎಡಕ್ಕೆ ತೋಪು ಹಾರಿಸುವವ, ಬಲಕ್ಕೆ ಕಮಾಂಡರ್. ಗುಂಡು ತುಂಬುವ ಕೆಲಸ ಯಂತ್ರದ್ದು. ಕಮಾಂಡರ್ ಗುರಿ ಹುಡುಕಬೇಕು, ಯಾವ ಜಾತಿಯ ಗುಂಡು ಎಂದು ಹೇಳಬೇಕು, ಚಾಲಕನಿಗೆ ದಾರಿ ತೋರಬೇಕು, ಜೊತೆಗೆ ಕಿವಿಯಲ್ಲಿ ರೇಡಿಯೊ ಕೇಳುತ್ತಿರಬೇಕು. ಮೂರು ಟ್ಯಾಂಕು ಸೇರಿದರೆ ಒಂದು ಟ್ರೂಪು. ಅದರ ಮುಖ್ಯಸ್ಥ ಲೆಫ್ಟಿನೆಂಟನೋ ಜೆ.ಸಿ.ಒ.ನೋ ಇರುತ್ತಾನೆ, ಉಳಿದ ಟ್ಯಾಂಕುಗಳ ಕಮಾಂಡರ್ ಕುರ್ಚಿಯಲ್ಲಿ ಸಾಮಾನ್ಯವಾಗಿ ದಫೇದಾರ. ಯುದ್ಧವಿಲ್ಲದ ದಿನಗಳಲ್ಲಿ ಅವನ ಹೆಚ್ಚಿನ ಹೊತ್ತು ಕಳೆಯುವುದು ಗ್ರೀಸು, ಟ್ರ್ಯಾಕಿನ ಪಿನ್ನು, ಎಂಜಿನ್ ಎಣ್ಣೆ, ಹೊಸ ಹುಡುಗರ ತರಬೇತಿಯಲ್ಲಿ. ಪಡೆಯ ತರಬೇತಿ ಕೇಂದ್ರ ಮಹಾರಾಷ್ಟ್ರದ ಅಹಮದ್‌ನಗರದಲ್ಲಿದೆ, ಈಗಿನ ಹೆಸರು ಅಹಿಲ್ಯಾನಗರ. ದಫೇದಾರನಾಗಿದ್ದುಕೊಂಡೇ ಸ್ಕ್ವಾಡ್ರನ್ನಿನ ಉಗ್ರಾಣ ವಹಿಸಿಕೊಂಡರೆ ಕ್ವಾರ್ಟರ್ ಮಾಸ್ಟರ್ ದಫೇದಾರ್, ಶಿಸ್ತಿನ ಹೊಣೆ ಹೊತ್ತರೆ ದಫೇದಾರ್ ಮೇಜರ್. ಈ ‘ಮೇಜರ್’ಗೂ ಅಧಿಕಾರಿ ದರ್ಜೆಯ ಮೇಜರ್‌ಗೂ ಸಂಬಂಧವಿಲ್ಲ.

ಕರ್ನಾಟಕದಲ್ಲಿ ಸೈನ್ಯದ ದಫೇದಾರ ಯಾಕೆ ಅಪರೂಪ ಎಂಬುದಕ್ಕೆ ಕಾರಣ ಸರಳ. ನಮ್ಮ ಸುತ್ತ ಇರುವ ದೊಡ್ಡ ಸೇನಾ ಕೇಂದ್ರಗಳನ್ನು ನೋಡಿ: ಬೆಳಗಾವಿಯ ಮರಾಠಾ ಲೈಟ್ ಇನ್‌ಫೆಂಟ್ರಿ, ಬೆಂಗಳೂರಿನ ಎಂ.ಇ.ಜಿ. (ಮದ್ರಾಸ್ ಎಂಜಿನಿಯರ್ ಗ್ರೂಪ್), ಎ.ಎಸ್.ಸಿ. (ಆರ್ಮಿ ಸರ್ವಿಸ್ ಕೋರ್), ಮಿಲಿಟರಿ ಪೊಲೀಸ್. ಇಲ್ಲೆಲ್ಲ ಮೂರು ಪಟ್ಟಿ ಎಂದರೆ ಹವಾಲ್ದಾರ್. ಟ್ಯಾಂಕು ರೆಜಿಮೆಂಟುಗಳು ಹೆಚ್ಚಾಗಿ ಪಂಜಾಬು, ರಾಜಸ್ಥಾನದ ಕಡೆ. ಕಿವಿಗೆ ಬೀಳದ ಪದ ಬಾಯಿಗೆ ಬರುವುದು ಹೇಗೆ? ಇಲ್ಲೊಂದು ಸಣ್ಣ ಎಚ್ಚರಿಕೆ: ಮೆಕನೈಸ್ಡ್ ಇನ್‌ಫೆಂಟ್ರಿಯವರೂ ಚೈನು ಚಕ್ರದ ಶಸ್ತ್ರವಾಹನಗಳಲ್ಲೇ ಓಡಾಡುತ್ತಾರೆ. ಆದರೂ ಅವರು ಮೂಲತಃ ಕಾಲಾಳುಗಳು, ಅಲ್ಲಿರುವುದು ಹವಾಲ್ದಾರನೇ. ಫಿರಂಗಿ ದಳದವರು, ಸಿಗ್ನಲ್ಸ್‌ನವರು ಕೂಡ ಹವಾಲ್ದಾರ್ ಕಡೆ.

ಇನ್ನು ಸಾಹೇಬರ ಬಾಗಿಲ ದಫೇದಾರನ ಕಡೆ ಬರೋಣ. ಸೈನ್ಯದ ಪದ ಕಚೇರಿಗೆ ಬಂದದ್ದು ಹೇಗೆ ಎಂದು ಅಚ್ಚರಿಪಡುವ ಅಗತ್ಯವಿಲ್ಲ, ಏಕೆಂದರೆ ಹಳೆಯ ಆಡಳಿತದಲ್ಲಿ ಇವೆರಡೂ ಬೇರೆಬೇರೆ ಆಗಿರಲೇ ಇಲ್ಲ. ಮೈಸೂರು ಸಂಸ್ಥಾನದಲ್ಲಿ ಕಂದಾಚಾರ ಎಂಬ ಇಲಾಖೆಯಿತ್ತು. ಅದರ ಆಳುಗಳು ಕತ್ತಿ ಬಂದೂಕು ಹಿಡಿದವರೇ, ಕೋಟೆ ಕಾಯುತ್ತಿದ್ದವರೇ. ಆದರೆ ಅದೇ ಜನ ಊರಿನ ಪಹರೆಗೂ ಬೇಕು, ಕಂದಾಯ ವಸೂಲಿಗೆ ಹೋಗುವ ಅಮಲ್ದಾರನ ಹಿಂದೆಯೂ ಇರಬೇಕು. ದಿವಾನ್ ಪೂರ್ಣಯ್ಯನವರ ಕಾಲದಲ್ಲೂ ಈ ಪಡೆ ದೊಡ್ಡದಾಗಿಯೇ ಇತ್ತು. ಕಾಲಕ್ರಮದಲ್ಲಿ ಯುದ್ಧ ನಿಂತಿತು, ಆಳು ಉಳಿದ. ಅವನ ದರ್ಜೆಯ ಹೆಸರೂ ಉಳಿಯಿತು.

ಕಚೇರಿಯ ಕೆಳಗಿನ ಹುದ್ದೆಗಳ ಹೆಸರುಗಳನ್ನು ಒಂದೊಂದಾಗಿ ಎತ್ತಿ ನೋಡಿದರೆ ಒಂದು ಕಾಲಾಳು ಪಡೆಯೇ ಎದ್ದು ನಿಲ್ಲುತ್ತದೆ. ಪೇದೆ ಎಂದರೆ ಪಾರಸಿಯ ‘ಪಿಯಾದ’, ಕಾಲ್ನಡಿಗೆಯ ಸೈನಿಕ. ಚದುರಂಗದಲ್ಲಿ ಮೊದಲು ಸಾಯುವ ಪ್ಯಾದೆಯೂ ಅವನೇ. ಪ್ಯೂನ್ ಎಂಬುದೂ ಕಾಲಾಳು ಎಂಬರ್ಥದ ಪೋರ್ಚುಗೀಸ್ ಪದ. ಹಳೇ ಮೈಸೂರಿನ ಕಚೇರಿಯಲ್ಲಿ ಫೈಲು ಹೊರುವವ ಜವಾನ, ಧಾರವಾಡದ ಕಡೆ ಅವನೇ ಸಿಪಾಯಿ. ಗಡಿಯಲ್ಲಿ ಬಂದೂಕು ಹಿಡಿದವನಿಗೂ ಇವೇ ಎರಡು ಹೆಸರು. ಇವೆಲ್ಲಕ್ಕಿಂತ ನನಗೆ ಇಷ್ಟವಾಗುವುದು ದಲಾಯತ. ಇಂದಿಗೂ ಸರ್ಕಾರಿ ಹುದ್ದೆಗಳ ಪಟ್ಟಿಯಲ್ಲಿ ‘ಡಿ’ ದರ್ಜೆಯಡಿ ಕಾಣುವ ಈ ಪದ ಮರಾಠಿಯ ‘ಢಾಲಾಈತ’ದಿಂದ ಬಂದದ್ದು. ಢಾಲು ಎಂದರೆ ಗುರಾಣಿ. ಕಚೇರಿಯ ಕಾರಿಡಾರಿನಲ್ಲಿ ಟಪಾಲು ಹಿಡಿದು ಓಡಾಡುವ ದಲಾಯತ ಒಂದು ಕಾಲದ ಗುರಾಣಿಭಟ. ಈ ಕಾಲಾಳುಗಳ ಗುಂಪಿನಲ್ಲಿ ದಫೇದಾರ ಮೇಲ್ವಿಚಾರಕ. ಸಾಮಾನ್ಯ ಜವಾನನಿಗಿಂತ ಅವನ ಉಡುಪು ಠೀವಿಯದಾಗಿರಲು ಕಾರಣವೂ ಇದೇ. ಎದೆಯ ಮೇಲಿನ ಅಡ್ಡಪಟ್ಟಿ ಕತ್ತಿ ತೂಗುಹಾಕುತ್ತಿದ್ದ ಪಟ್ಟಿಯ ವಂಶದ್ದು, ಕತ್ತಿ ಹೋಗಿ ಬಿಲ್ಲೆ ಬಂದಿದೆ.

ಇವೆರಡರ ನಡುವೆ ಮೂರನೆಯ ದಫೇದಾರನೊಬ್ಬನಿದ್ದ, ಪೊಲೀಸಿನವನು. ಹಳೇ ಮೈಸೂರಿನ ಠಾಣೆಗಳಲ್ಲಿ ಪೇದೆಗಳ ಮೇಲೆ ದಫೇದಾರ, ಅವನ ಮೇಲೆ ಜಮಾದಾರ. ದಫೇದಾರನೆಂದರೆ ಈಗಿನ ಹೆಡ್ ಕಾನ್‌ಸ್ಟೇಬಲ್ ಎಂದುಕೊಳ್ಳಿ. ಹಳೆಯ ಕನ್ನಡ ಕಥೆ ಕಾದಂಬರಿಗಳಲ್ಲಿ ‘ದಫೇದಾರರು ಬಂದರು’ ಎಂದು ಊರವರು ಬೆಚ್ಚಿದರೆ, ಬಂದವನು ಡಿ.ಸಿ. ಆಫೀಸಿನವನಲ್ಲ, ಠಾಣೆಯವನು. ಬಂಗಾಳದ ಹಳ್ಳಿಗಳಲ್ಲೂ ಅಷ್ಟೆ, ಚೌಕೀದಾರರ ಮೇಲೆ ನಿಗಾ ಇಡುವವನು ದಫಾದಾರ. ಬಾಂಗ್ಲಾದೇಶದ ಗ್ರಾಮ ಪೊಲೀಸಿನಲ್ಲಿ ಆ ಹುದ್ದೆ ಇನ್ನೂ ಇದೆ.

ಹುದ್ದೆಯ ಹೆಸರುಗಳು ಕಾಲ ಕಳೆದಂತೆ ಮೆಟ್ಟಿಲಿಳಿಯುತ್ತವೆ. ಮೊಗಲರ ಕಾಲದಲ್ಲಿ ಸುಬೇದಾರ ಎಂದರೆ ಒಂದು ಇಡೀ ಸುಬೆಯ, ಅಂದರೆ ಪ್ರಾಂತದ ಒಡೆಯ. ಕಂಪನಿ ಸೈನ್ಯದಲ್ಲಿ ಅವನು ಬಿಳಿಯ ಅಧಿಕಾರಿಯ ಕೈಕೆಳಗಿನವನಾದ. ಶಿವಾಜಿಯ ಕೋಟೆಗಳಲ್ಲಿ ಹವಾಲ್ದಾರ ಕೋಟೆಯ ಮುಖ್ಯಸ್ಥರಲ್ಲೊಬ್ಬ, ಇವತ್ತು ಮೂರು ಪಟ್ಟಿಯವ. ಜಮಾದಾರನದು ಇನ್ನೂ ದೊಡ್ಡ ಇಳಿತ. ಉತ್ತರ ಭಾರತದ ಊರುಗಳಲ್ಲಿ ಕಸ ಗುಡಿಸುವವರನ್ನು ಜಮಾದಾರ ಎಂದು ಕರೆಯುವ ರೂಢಿಯೇ ಬಂತು. ಸೇನೆ 1965ರಲ್ಲಿ ಜಮಾದಾರ್ ಎಂಬ ದರ್ಜೆಯ ಹೆಸರನ್ನೇ ಬಿಟ್ಟು ನಾಯಬ್ ಸುಬೇದಾರ್, ನಾಯಬ್ ರಿಸಾಲ್ದಾರ್ ಎಂದು ಮಾಡಿಕೊಂಡಿತು. ಹಾಗೆ ನೋಡಿದರೆ ದಫೇದಾರ ಅದೃಷ್ಟವಂತ. ಹತ್ತೊಂಬತ್ತನೇ ಶತಮಾನದಲ್ಲಿ ಅವನನ್ನು ನಾಯಕನಿಗೆ ಸಮ ಎನ್ನುತ್ತಿದ್ದರು, ಈಗ ಹವಾಲ್ದಾರನಿಗೆ ಸಮ. ಎಲ್ಲರೂ ಇಳಿಯುವಾಗ ಇವನೊಬ್ಬ ಒಂದು ಮೆಟ್ಟಿಲು ಹತ್ತಿದ.

ಬರವಣಿಗೆಯಲ್ಲಿ ದಫೇದಾರ, ದಫೆದಾರ, ಡಫೇದಾರ ಎಲ್ಲವೂ ಕಾಣುತ್ತವೆ, ಹಳ್ಳಿಯ ಬಾಯಲ್ಲಿ ದಪೇದಾರ. ಮೂಲಕ್ಕೆ ಹತ್ತಿರ ‘ದ’ಕಾರವೇ. ದಫ್ತರಕ್ಕೂ ಇದಕ್ಕೂ ನಂಟು ಕಟ್ಟುವವರಿದ್ದಾರೆ, ಕಚೇರಿಯಲ್ಲಿರುವವನು ತಾನೆ ಎಂಬ ತರ್ಕ. ದಫ್ತರ ಬೇರೆಯೇ ಪದ. ಕಾಗದಪತ್ರ ನೋಡಿಕೊಳ್ಳುವವ ದಫ್ತರದಾರ, ಅವನ ಕೈಯಲ್ಲಿ ಯಾವತ್ತೂ ಕತ್ತಿ ಇರಲಿಲ್ಲ. ಉತ್ತರ ಕರ್ನಾಟಕದಲ್ಲಿ ದಫೇದಾರ, ಜಮಾದಾರ, ಹವಾಲ್ದಾರ, ಕಿಲ್ಲೇದಾರ ಎಂಬ ಅಡ್ಡಹೆಸರುಗಳಿವೆ. ಹೆಸರಿನ ಕೊನೆಗೆ ಬಂದರೆ ಅದು ಮನೆತನ, ಮೊದಲಿಗೆ ಬಂದರೆ ದರ್ಜೆ. ಹವಾಲ್ದಾರ್ ಮನೆತನದವನೊಬ್ಬ ಟ್ಯಾಂಕು ರೆಜಿಮೆಂಟು ಸೇರಿ ಬಡ್ತಿ ಪಡೆದರೆ ಅವನು ‘ದಫೇದಾರ್ ಇಂತಿಂಥ ಹವಾಲ್ದಾರ್’ ಆಗುತ್ತಾನೆ, ಗಾಬರಿಯಾಗಬೇಕಿಲ್ಲ.

ಸುದ್ದಿ ಬರೆಯುವವರಿಗೆ, ಸನ್ಮಾನ ಪತ್ರ ಅಚ್ಚು ಹಾಕಿಸುವವರಿಗೆ, ಮದುವೆ ಕಾಗದ ತಿದ್ದುವವರಿಗೆ ಕೆಲವು ಮಾತು ಹೇಳಿ ಮುಗಿಸುತ್ತೇನೆ. ಸೈನ್ಯದ ದಫೇದಾರರನ್ನು ‘ಪೇದೆ’ ಎನ್ನಬೇಡಿ, ಅವರು ಏಣಿಯ ಇನ್ನೊಂದು ಕಡೆಯವರು. ‘ಸೇನಾಧಿಕಾರಿ’ ಎಂದೂ ಬೇಡ, ಅದು ಲೆಫ್ಟಿನೆಂಟಿನಿಂದ ಮೇಲಿನವರಿಗೆ. ತಿಳಿಯಲೆಂದು ‘ಹವಾಲ್ದಾರ್’ ಎಂದು ಬದಲಾಯಿಸಿದರೆ ದರ್ಜೆ ಕೆಡುವುದಿಲ್ಲ, ಆದರೆ ಟ್ಯಾಂಕು ಪಡೆಯವರಿಗೆ ಬೇಸರವಾಗುತ್ತದೆ. ‘ದಫೇದಾರ್ (ಹವಾಲ್ದಾರ್‌ಗೆ ಸಮಾನ ದರ್ಜೆ)’ ಎಂದು ಒಮ್ಮೆ ಬರೆದರೆ ಓದುಗನಿಗೂ ಅನುಕೂಲ, ಅವರಿಗೂ ಗೌರವ. ನಿವೃತ್ತಿಯ ವೇಳೆ ಕೆಲವರಿಗೆ ಗೌರವ ನಾಯಬ್ ರಿಸಾಲ್ದಾರ್ ದರ್ಜೆ ಸಿಕ್ಕಿರುತ್ತದೆ. ಆಗ ಹೆಸರಿನ ಮೊದಲಿಗೆ ಹಾಕಬೇಕಾದದ್ದು ಅದನ್ನು. ಅನುಮಾನ ಬಂದರೆ ಊಹಿಸಬೇಡಿ, ರೆಜಿಮೆಂಟ್ ಯಾವುದು ಎಂದು ಕೇಳಿ. ಸರಿಯಾದ ದರ್ಜೆ ಅವರ ಡಿಸ್ಚಾರ್ಜ್ ಪುಸ್ತಕದಲ್ಲೂ ಪಿಂಚಣಿ ಆದೇಶದಲ್ಲೂ ಅಚ್ಚಾಗಿರುತ್ತದೆ.